ಸಾರಥ್ಯಮೀಮಾಂಸೆ: ದೊಡ್ಡಾಟದಲ್ಲಿ ನಿಂತು ನಗಿಸುವವನ ಪ್ರಯೋಗಗಳು

ಪ್ರಮೇಯ ಇದು: ನಿಂತು ನಗಿಸುವ (ಸ್ಟ್ಯಾಂಡ್-ಅಪ್) ಪ್ರಯೋಗಶೀಲ ವಿದ್ಯೆ ಬೆಂಗಳೂರಿನ ಇಂದಿರಾನಗರದಲ್ಲಿ ಹುಟ್ಟಿದ್ದಲ್ಲ, ಯಾದಗಿರಿ, ಶಹಾಪುರ, ಸುರಪುರ ಸೀಮೆಯ ದೊಡ್ಡಾಟವೆಂಬ ಇಡೀ ರಾತ್ರಿಯ ಬಯಲಾಟದಲ್ಲಿ ವೇಷಗಳನ್ನು ಮಾತಾಡಿಸುವ ಸಾರಥಿಯಲ್ಲಿ ಅದು ಮೊದಲೇ ಸಿದ್ಧವಾಗಿತ್ತು. ಯಾದಗಿರಿ ಜಿಲ್ಲೆಯಾದದ್ದು 2009ರ ಡಿಸೆಂಬರ್ 30ರಂದು. ಸಾರಥಿ ಅದಕ್ಕಿಂತ ಹಳಬನೆನ್ನಲು ಶಾಸನಾಧಾರ ಬೇಡ, ಅವನ ಜೋಕುಗಳೇ ಸಾಕು.

ಇನ್ನು ಲಕ್ಷಣ. ಕಿರೀಟ, ಭುಜಕೀರ್ತಿ ಹೊತ್ತ ರಾಜ ಪರದೆಯಿಂದ ಹೊರಬಂದು, ಅಟ್ಟದ ಹಲಗೆ ಮುರಿಯುವಂತೆ ಕುಣಿದು, ‘ಎಲೈ ಸಾರಥಿ’ ಎಂದು ಗುಡುಗುತ್ತಾನೆ. ಸಾರಥಿ ವಿನಯದಿಂದ ಕೇಳುತ್ತಾನೆ: ‘ತಾವು ಯಾರ್ರಿ?’ ಕೇಳಿಸಿಕೊಂಡವನು ಮುಂಗಾರಿನಲ್ಲಿ ಪಕ್ಕದ ಹೊಲದಲ್ಲೇ ಎಡೆ ಹೊಡೆದವನು. ಊರಿಗೆ ಊರೇ ಅವನನ್ನು ಬಲ್ಲದು. ಆದರೂ ದುರ್ಯೋಧನನಾಗಿ ಅವನು ತನ್ನ ವಂಶ, ಪಟ್ಟಣ, ಪರಾಕ್ರಮಗಳನ್ನು ಉದ್ದುದ್ದ ಸಮಾಸಗಳಲ್ಲಿ ಒದರಲೇಬೇಕು. ಒದರಿ ಮುಗಿಸಿದ ಮೇಲೆ ಸಾರಥಿ: ‘ಅದೆಲ್ಲಾ ಖರೇನ ಐತ್ರಿ ಧಣಿ, ಈ ವರ್ಷ ತೊಗರಿ ಎಷ್ಟ್ ಚೀಲ ಆದ್ವು?’

ಮುಂದಿನ ಸಾಲಿನಲ್ಲಿ ಕುಳಿತವನ ನೌಕರಿ ಕೇಳಿ ಕಾಲೆಳೆಯುವುದಕ್ಕೆ ಬೆಂಗಳೂರಿನಲ್ಲಿ ‘ಕ್ರೌಡ್ ವರ್ಕ್’ ಎನ್ನುತ್ತಾರೆ. ಸಾರಥಿ ಚಕ್ರವರ್ತಿಯ ಕಾಲನ್ನೇ ಎಳೆಯುತ್ತಾನೆ. ಗಂಗಾವತಿ ಪ್ರಾಣೇಶರು ಇದೇ ಕಲ್ಯಾಣ ಕರ್ನಾಟಕದಿಂದ ಹೊರಟು ಒಂಟಿ ಮೈಕಿನ ಮುಂದೆ ಗಂಟೆಗಟ್ಟಲೆ ನಗಿಸಿದರು. ಅವರನ್ನು ‘ರಾಜನಿಲ್ಲದ ಸಾರಥಿ’ ಎಂದು ವರ್ಗೀಕರಿಸಬಹುದು.

ಸುರಪುರದಲ್ಲಿ ಸಾರಥಿಯ ಪ್ರಶ್ನೆಗೆ ಖಾರ ಹೆಚ್ಚು. ಅಲ್ಲಿ ರಾಜರು ಕಥೆಯಲ್ಲಷ್ಟೇ ಇದ್ದವರಲ್ಲ. ನಾಲ್ವಡಿ ರಾಜಾ ವೆಂಕಟಪ್ಪ ನಾಯಕ 1858ರಲ್ಲಿ ಇಂಗ್ಲಿಷರ ಮೇಲೆ ತಿರುಗಿಬಿದ್ದು ರಾಜ್ಯವನ್ನೂ ಜೀವವನ್ನೂ ಕಳೆದುಕೊಂಡ. ಆ ದೊರೆಗೆ ಜನ ಇವತ್ತಿಗೂ ಕೈ ಮುಗಿಯುತ್ತಾರೆ. ಬಣ್ಣ ಹಚ್ಚಿದ ದೊರೆಗೆ ಮಾತ್ರ ಗುರುತಿನ ಚೀಟಿ ಕೇಳುತ್ತಾರೆ. ವ್ಯತ್ಯಾಸ ಅವರಿಗೆ ಚೆನ್ನಾಗಿ ಗೊತ್ತಿದೆ.

ಪೂರ್ವಪಕ್ಷ: ನಿಜವಾದ ಪ್ರಯೋಗವೆಂದರೆ ಅಮೆರಿಕದ ಹಾಸ್ಯಗಾರ ಆಂಡಿ ಕೌಫ್‌ಮನ್‌ನದು (1949–1984). ನಗಲು ಬಂದವರ ಮುಂದೆ ಅವನು ‘ದಿ ಗ್ರೇಟ್ ಗ್ಯಾಟ್ಸ್‌ಬಿ’ ಕಾದಂಬರಿಯನ್ನು ಓದುತ್ತ ನಿಂತ. ಜನ ರೇಗಿದಾಗ, ಓದಲೋ, ರೆಕಾರ್ಡ್ ಹಾಕಲೋ ಎಂದು ಕೇಳಿದ. ರೆಕಾರ್ಡ್ ಎಂದರು. ಹಾಕಿದರೆ ಅದರಲ್ಲೂ ಅವನದೇ ಓದು!

ಉತ್ತರಪಕ್ಷ: ಬೇಸರವನ್ನು ಕಲೆಯಾಗಿಸಿದ್ದರಲ್ಲಿ ಹೊಸದೇನು? ದೊಡ್ಡಾಟದಲ್ಲಿ ಒಬ್ಬ ರಾಜನ ಪ್ರವೇಶ ಮುಗಿಯುವಷ್ಟರಲ್ಲಿ ಅರ್ಧ ಊರು ಕೌದಿ ಹೊದ್ದಿರುತ್ತದೆ. ಸಾರಥಿ ಬಾಯಿ ತೆರೆದರೆ ಕೌದಿಯೊಳಗಿಂದಲೇ ನಗು ಕೇಳುತ್ತದೆ. ಶಹಾಪುರದ ಬೆಟ್ಟಸಾಲು ಮಲಗಿದ ಬುದ್ಧನಂತೆ ಕಾಣುವುದಕ್ಕೆ ಕೆಲವರು ಆಧ್ಯಾತ್ಮಿಕ ಕಾರಣ ಕೊಡುತ್ತಾರೆ. ಇಡೀ ರಾತ್ರಿಯ ಆಟ ನೋಡಿದವರು ಬೇರೆ ಕಾರಣವನ್ನೂ ಊಹಿಸಬಲ್ಲರು.

ಉಳಿದದ್ದು ಅರ್ಥವ್ಯವಸ್ಥೆ. ಟಿಕೆಟ್ಟಿಲ್ಲ, ನೋಡುವವರು ಕೊಡುವ ಆಯೇರಿ ಉಂಟು. ಭೀಮ ಗದೆ ಎತ್ತಿದ ಹೊತ್ತಿಗೇ ಚೀಟಿ ಬರುತ್ತದೆ: ಇಂಥ ಗೌಡರಿಂದ ನೂರಾ ಒಂದು ರೂಪಾಯಿ. ಗದೆ ಮೇಲೆಯೇ ನಿಲ್ಲುತ್ತದೆ, ತೊಡೆ ಮುರಿಸಿಕೊಳ್ಳಬೇಕಾದವನು ಬೆವರು ಒರೆಸಿಕೊಳ್ಳುತ್ತಾನೆ, ದಾನಿಯ ಹೆಸರು ಎರಡೆರಡು ಸಲ ಕೂಗಿದ ಮೇಲೆ ಮಹಾಭಾರತ ಮುಂದುವರಿಯುತ್ತದೆ. ಈ ನೂರಾ ಒಂದನ್ನು ಜಿಎಸ್‌ಟಿಯ ಯಾವ ಕಾಲಮ್ಮಿನಲ್ಲಿ ತೋರಿಸಬೇಕೆಂಬುದು ಮುಂದಿನ ಸಂಶೋಧಕರಿಗೆ ಬಿಟ್ಟದ್ದು.