ಬಾಚಣಿಗೆಗೆ ಆವೇಶ

ಆಷಾಢದಲ್ಲಿ ಶುಭಕಾರ್ಯ ಮಾಡಬಾರದು ಅಂತಾರೆ. ಬಾಚಣಿಗೆಯಿಂದ ಕಾಗದದ ಚೂರು ಎತ್ತುವ ಕಾರ್ಯವನ್ನೂ ಆ ಪಟ್ಟಿಗೆ ಸೇರಿಸಬೇಕೆಂಬುದು ನನ್ನ ಸ್ವಾನುಭವದ ಸಲಹೆ.

ಮೊಮ್ಮಗಳಿಗೆ ಶಾಲೆಯಲ್ಲಿ ವಿದ್ಯುದಾವೇಶದ ಪಾಠವಾಗಿತ್ತು. ‘ಆವೇಶ ಅಂದ್ರೇನು ತಾತ?’ ಎಂದಳು. ನನಗೆ ಮೊದಲು ನೆನಪಾದದ್ದು ನಮ್ಮೂರ ಹಬ್ಬದಲ್ಲಿ ದೇವರು ಮೈಮೇಲೆ ಬರುತ್ತಿದ್ದದ್ದು. ಚಾರ್ಜ್‌ಗೆ ಈ ಪದ ಹುಡುಕಿದ ಪುಣ್ಯಾತ್ಮ ಯಾರೋ, ಕೈಮುಗಿಯಬೇಕು. ಆದರೆ ‘ಮೊಬೈಲಿಗೆ ಆವೇಶ ಬರಿಸ್ತಿದ್ದೀನಿ’ ಅಂದು ನೋಡಿ, ಮನೆಯವರು ಡಾಕ್ಟರಿಗೆ ಫೋನ್ ಮಾಡುತ್ತಾರೆ.

ಹಳೆಯ ನೋಟ್‌ಬುಕ್ಕಿನ ಹಾಳೆಯನ್ನು ಅಕ್ಕಿಕಾಳಿನಷ್ಟು ಚೂರು ಮಾಡಿ ಊಟದ ಮೇಜಿನ ಮೇಲೆ ಹರಡಿದೆ. ಬಾಚಣಿಗೆ ಎತ್ತಿದ್ದೇ ತಡ, ಅವಳು ನನ್ನ ತಲೆ ನೋಡಿ ನಕ್ಕಳು. ನನ್ನ ಕೂದಲು ನನಗಿಂತ ಮೊದಲೇ ನಿವೃತ್ತಿಯಾಗಿತ್ತು. ಅವಳ ತಲೆಗೆ ಹೋದರೆ ಅಲ್ಲಿ ಅಜ್ಜಿ ತಟ್ಟಿದ ಕೊಬ್ಬರಿ ಎಣ್ಣೆ. ಇಪ್ಪತ್ತು ಸಲ ಬಾಚಿದರೂ ಚೂರುಗಳು ಮಿಸುಕಲಿಲ್ಲ. ಒಂದು ಮಾತ್ರ ಅಂಟಿತು, ಎಣ್ಣೆಗೆ.

ಬಾಚುವಾಗ ಕೂದಲಿನ ಎಲೆಕ್ಟ್ರಾನುಗಳು ಬಾಚಣಿಗೆಗೆ ದಾಟಿ ಅಲ್ಲೇ ಕೂರಬೇಕು. ಮಳೆಗಾಲದಲ್ಲಿ ಎಲ್ಲದರ ಮೇಲೂ ಕಣ್ಣಿಗೆ ಕಾಣದ ನೀರಿನ ಪೊರೆ; ಬಂದ ಆವೇಶ ಅದರಗುಂಟ ಜಾರಿಹೋಗುತ್ತದೆ. ಹೀಗೆಂದು ಹೇಳಿಯೂ ಹೇಳಿದೆ. ಸೋತ ಮೇಷ್ಟರ ವಿವರಣೆಯನ್ನು ಯಾವ ಮಗು ನಂಬುತ್ತದೆ?

ಗಾಜನ್ನು ರೇಷ್ಮೆಯಿಂದ ಉಜ್ಜಿದರೆ ಗಾಜಿಗೆ ಧನ, ರೇಷ್ಮೆಗೆ ಋಣ. ಮೈಸೂರಿನ ವಿದ್ಯಾರಣ್ಯಪುರಂನವರಾದ ನಮಗೆ ರೇಷ್ಮೆಯೇನು ದೂರವೇ? ನಾಲ್ವಡಿಯವರ ಕಾಲದಲ್ಲಿ, 1912ರಲ್ಲಿ, ಸ್ವಿಟ್ಜರ್ಲೆಂಡ್‌ನಿಂದ ಮಗ್ಗ ತರಿಸಿ ಶುರುಮಾಡಿದ ನೇಯ್ಗೆ ಕಾರ್ಖಾನೆ ಇಲ್ಲೇ ಮಾನಂದವಾಡಿ ರಸ್ತೆಯಲ್ಲಿದೆ. ಅಲ್ಲಿ ನೇಯ್ದದ್ದೊಂದು ನಮ್ಮ ಬೀರುವಿನಲ್ಲೂ ಇದೆ. ಮೆಲ್ಲಗೆ ಬಾಗಿಲು ತೆಗೆದೆ.

‘ರೀ, ಲೋಟ ಉಜ್ಜಕ್ಕೆ ನನ್ನ ಮೈಸೂರು ಸಿಲ್ಕೇ ಬೇಕಾಯ್ತಾ? ಮಸಿಬಟ್ಟೆ ಇಲ್ವಾ?’

ಮಸಿಬಟ್ಟೆಯಿಂದ ಆವೇಶ ಬರುವುದಿಲ್ಲ ಎಂದು ವಾದಿಸಬಹುದಿತ್ತು. ಅದಾಗಲೇ ಬೇರೆ ಕಡೆ ಬಂದಿತ್ತು. ಬಾಗಿಲು ಮುಚ್ಚಿದೆ.

ಕಲ್ಲಾದ ಮರದ ಅಂಟು, ಆಂಬರ್, ಉಜ್ಜಿದರೆ ಹುಲ್ಲುಕಡ್ಡಿ ಸೆಳೆಯುತ್ತದೆಂದು ಹಳಬರಿಗೆ ಗೊತ್ತಿತ್ತು. ಗ್ರೀಕರು ಅದಕ್ಕೆ ಎಲೆಕ್ಟ್ರಾನ್ ಎಂದರು. ವಿಲಿಯಂ ಗಿಲ್ಬರ್ಟ್ 1600ರಲ್ಲಿ ಆ ಹೆಸರನ್ನೇ ಹಿಡಿದು ಈ ಸೆಳೆತಕ್ಕೆ ನಾಮಕರಣ ಮಾಡಿದ. ಸಂಸ್ಕೃತದಲ್ಲಿ ಅದು ತೃಣಮಣಿ. ಅವರ ಮನೆಯಾಕೆಯರು ಏನೆಂದರೋ, ಚರಿತ್ರೆ ಬರೆದಿಲ್ಲ.

ಶಿವರಾತ್ರಿಯ ಹೊತ್ತಿಗೆ ಗಾಳಿ ಒಣಗಿತು, ತುಟಿ ಒಡೆಯಿತು. ಮೊಮ್ಮಗಳು ಸೀಗೆಪುಡಿ ಹಾಕಿ ತಲೆಗೆ ಎರೆದುಕೊಂಡು, ಕೂದಲು ಆರಿಸಿಕೊಂಡು ಬಂದಳು. ಬಾಚಣಿಗೆ ನಾಲ್ಕು ಸಲ ಆಡಿತೋ ಇಲ್ಲವೋ, ಚಟಚಟ ಸದ್ದು. ಮೇಜಿನ ಮೇಲೆ ತಂದರೆ ಚೂರುಗಳು ಎದ್ದು ನಿಂತವು, ಹಾರಿ ಅಂಟಿದವು. ಒಂದೆರಡು ಮರುಗಳಿಗೆಯೇ ಚಿಮ್ಮಿ ಬಿದ್ದವು: ಮುಟ್ಟಿದ್ದಕ್ಕೆ ಅವಕ್ಕೂ ಬಾಚಣಿಗೆಯದೇ ಆವೇಶ ಬಂದಿತ್ತು. ಒಂದೇ ಪಕ್ಷದ ಇಬ್ಬರು ಮುಖಂಡರ ಹಾಗೆ, ಒಂದೇ ಬಗೆಯ ಆವೇಶಗಳು ಅಕ್ಕಪಕ್ಕ ನಿಲ್ಲುವುದಿಲ್ಲ. ನಲ್ಲಿಯನ್ನು ದಾರದಷ್ಟು ತಿರುಗಿಸಿ ಬಾಚಣಿಗೆ ಹತ್ತಿರ ಹಿಡಿದಳು; ನೀರಿನ ಎಳೆ ಸೊಂಟ ಬಳುಕಿಸಿ ಅತ್ತ ವಾಲಿತು.

ನಾನು ಪ್ಲಾಸ್ಟಿಕ್ ಕುರ್ಚಿಯಿಂದೆದ್ದು ಬಾಗಿಲ ಚಿಲಕ ಮುಟ್ಟಿದೆ. ಚಟ್! ಒಂದು ಮಿಲಿಮೀಟರ್ ಕಿಡಿಗೆ ಸುಮಾರು 3000 ವೋಲ್ಟ್ ಬೇಕು. ಗೋಡೆಯ ಪ್ಲಗ್ಗಿನಲ್ಲಿರುವುದು 230. ಆದರೂ ಬದುಕಿದ್ದೇನೆ, ಏಕೆಂದರೆ ಹರಿಯುವ ಆವೇಶ ಚಿಟಿಕೆಯಷ್ಟು, ಅದೂ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯುತ್ತದೆ.

ನೀವೂ ಮಾಡಿ ನೋಡುವುದಿದ್ದರೆ ಮಾಘದವರೆಗೆ ತಡೆಯಿರಿ. ಎಣ್ಣೆ ಬೇಡ. ಸೀರೆ ಬೀರುವಿನಲ್ಲೇ ಇರಲಿ.