ಅರಿಶಿನ ಹಾಲು, ಅರುಣಾ ಇರಾನಿ

ಮಲತಾಯಿಯಾಗಲು ನನಗೆ ತರಬೇತಿ ಕೊಟ್ಟದ್ದು ಧಾರವಾಡದ ಟಾಕೀಸು. 1993ರ ‘ಅಣ್ಣಯ್ಯ’ದಲ್ಲಿ ಅರುಣಾ ಇರಾನಿ ರವಿಚಂದ್ರನ್‌ಗೆ ಏನೇನು ಮಾಡಿದಳೋ ಅದರಲ್ಲಿ ಒಂದನ್ನೂ ಮಾಡಕೂಡದು. ಇಷ್ಟೇ ಸಿಲಬಸ್ಸು ಹೊತ್ತು ಮಹಾರಾಷ್ಟ್ರದ ನಿಫಾಡಿಗೆ ಸೊಸೆಯಾಗಿ ಬಂದೆ. ದ್ರಾಕ್ಷಿ ತೋಟ, ಗಂಡನ ಚಿಕ್ಕಮ್ಮ ಅಂದರೆ ನನ್ನ ಸಣ್ಣತ್ತೆ, ಹತ್ತು ವರ್ಷದ ಮಗ, ಎಲ್ಲ ರೆಡಿಮೇಡ್.

ಊರಾದರೂ ಎಂಥದ್ದು! ಅತ್ತ ನಾಸಿಕದ ಪಂಚವಟಿ. ಕೈಕೇಯಿ ಹಟ ಹಿಡಿಯದಿದ್ದರೆ ಅಲ್ಲಿಗೆ ಒಬ್ಬ ಯಾತ್ರಿಕನೂ ಬರುತ್ತಿರಲಿಲ್ಲ. ಆದರೂ ಅವಳಿಗೊಂದು ಥ್ಯಾಂಕ್ಸ್ ಹೇಳಿದವರಿಲ್ಲ.

ಡಿಸೆಂಬರಿನ ರಾತ್ರಿ. ನಿಫಾಡಿನ ಚಳಿ ಪೇಪರಿನಲ್ಲಿ ಬರುವಂಥ ಚಳಿ. ದ್ರಾಕ್ಷಿ ಕೆಡದಿರಲೆಂದು ಗಂಡ ತೋಟದಲ್ಲಿ ಬೆಂಕಿ ಹಾಕಲು ಹೋಗಿದ್ದ. ಮಗನಿಗೆ ನೆಗಡಿ. ಅರಿಶಿನ ಹಾಕಿ ಹಾಲು ಕಾಸಿ ತಂದರೆ ಟಿ.ವಿ.ಯಲ್ಲಿ ಅದೇ ಅರುಣಾ ಇರಾನಿಯ ಹಿಂದಿ ‘ಬೇಟಾ’. ಅದೂ ವಿಷದ ಭಾಗ.

ಹುಡುಗ ಟಿ.ವಿ. ನೋಡಿದ. ಲೋಟ ನೋಡಿದ. ನನ್ನನ್ನು ನೋಡಿದ. ಸಣ್ಣತ್ತೆ ಶೇಂಗಾ ಸುಲಿಯುವುದನ್ನು ನಿಲ್ಲಿಸಿದರು. ನಾನೇ ಒಂದು ಗುಟುಕು ಕುಡಿದು ತೋರಿಸಲೇ? ತೋರಿಸಿದರೆ ಸಂಶಯಕ್ಕೆ ಜಾಗವಿತ್ತೆಂದು ಒಪ್ಪಿದಂತೆ, ಎಂಜಲು ಬೇರೆ. ನಗಲೇ? ಹಾಲು ಹಿಡಿದು ನಗುವುದು ಅರುಣಾ ಇರಾನಿಯ ಪೇಟೆಂಟು. ಚಾನೆಲ್ ಬದಲಿಸೋಣವೆಂದರೆ ರಿಮೋಟು ಸಣ್ಣತ್ತೆಯ ತೊಡೆಯಡಿ. ಅಡುಗೆಮನೆಗೆ ಓಡಿ, ಅದೇ ಹಾಲನ್ನು ಮೂರು ಲೋಟಕ್ಕೆ ಹಂಚಿ ತಂದು, “ಎಲ್ಲರೂ ಒಟ್ಟಿಗೇ ಕುಡಿದುಬಿಡೋಣ” ಎಂದೆ. ಅದು ಇನ್ನೂ ಭಯಂಕರವಾಗಿ ಕೇಳಿಸಿತು. ಅಷ್ಟರಲ್ಲಿ ಹಾಲು ಆರಿತ್ತು.

“ಮಾವಶಿ, ಕೆನೆ ತೆಗಿ” ಎಂದ ಹುಡುಗ. ಮಾವಶಿ ಎಂದರೆ ನಾನು. ಅವನ ತಕರಾರು ಮೊದಲಿನಿಂದಲೂ ಕೆನೆಯದೇ! ಸಣ್ಣತ್ತೆ ಮಾತ್ರ ಲೋಟ ಮುಟ್ಟಲಿಲ್ಲ. ಹೊಟ್ಟೆ ತುಂಬಿದೆ ಎಂದರು, ಶೇಂಗಾ ಬಾಯಿಗೆ ಹಾಕಿಕೊಳ್ಳುತ್ತಲೇ.

ಹಿಂದಿಯವರನ್ನು ಬೈಯೋಣವೆಂದರೆ ಅದಕ್ಕೂ ಬಾಯಿಲ್ಲ. 1992ರ ‘ಬೇಟಾ’ದ ಬೇರು ಹಿಡಿದು ಹೊರಟರೆ ಭಾಗ್ಯರಾಜರ ತಮಿಳು ಚಿತ್ರ, ಅದರಾಚೆ ಪುಟ್ಟಣ್ಣನವರ 1969ರ ‘ಮಲ್ಲಮ್ಮನ ಪವಾಡ’, ಅದರಾಚೆ ಬಿ. ಪುಟ್ಟಸ್ವಾಮಯ್ಯನವರ ಕಾದಂಬರಿ ‘ಅರ್ಧಾಂಗಿ’. ನಮ್ಮ ಕಡೆಯ ಸರಕೇ ಊರೆಲ್ಲ ಸುತ್ತಿ ನನ್ನನ್ನು ಹುಡುಕಿಕೊಂಡು ನಿಫಾಡಿಗೆ ಬಂದಿತ್ತು.

ಈಚಿನ ಸಿನಿಮಾದವರು ಮಲತಾಯಂದಿರನ್ನು ಒಳ್ಳೆಯವರನ್ನಾಗಿಸಿದ್ದಾರೆ, ಆದರೆ ಶರತ್ತಿನ ಮೇಲೆ. 2010ರ ‘ವಿ ಆರ್ ಫ್ಯಾಮಿಲಿ’ಯಲ್ಲಿ ಕಾಜೋಲ್ ಸಾಯುವ ಮುಂಚೆ ತಾನೇ ಕರೀನಾಗೆ ಮಕ್ಕಳನ್ನು ಒಪ್ಪಿಸುತ್ತಾಳೆ. ನನಗೆ ಅಂಥ ಎನ್‌ಒಸಿ ಯಾರು ಕೊಡಬೇಕು? ಹುಡುಗನ ಹೆತ್ತವಳದೆಂದು ಉಳಿದಿರುವುದು ಡಬ್ಬಿಗಳ ಮೇಲಿನ ಚೀಟಿಗಳು: ಗೋಡಾ ಮಸಾಲಾ, ಶೇಂಗದಾಣೆ, ಸಾಬುದಾಣೆ. ದುಂಡು ಅಕ್ಷರ. ತೊಳೆಯುವಾಗ ಅಷ್ಟು ಜಾಗ ಬಿಟ್ಟು ತೊಳೆಯುತ್ತೇನೆ. ಸಾಬುದಾಣೆಯ ಡಬ್ಬಿಯಲ್ಲಿ ಈಗ ಅವಲಕ್ಕಿ ಇದೆ. ಚೀಟಿ ಬದಲಿಸುವ ಧೈರ್ಯ ಯಾವ ಸಿನಿಮಾವೂ ಕಲಿಸಲಿಲ್ಲ. ಸಣ್ಣತ್ತೆ ಏಕಾದಶಿಯ ದಿನ ಆ ಡಬ್ಬಿ ತೆರೆದು ಮಾಡಿದ ಗಲಾಟೆ ಬೇರೆ ಕತೆ.

ನನಗೆ ಹಿಡಿಸಿದ್ದು 2019ರ ಮಲಯಾಳಂ ‘ಕುಂಬಳಂಗಿ ನೈಟ್ಸ್’. ಮಲ, ಖಾಸಾ ಎಂಬ ಲೆಕ್ಕವಿಲ್ಲದೆ ಅಣ್ಣತಮ್ಮಂದಿರು ಹಾಯಾಗಿ ಹೊಡೆದಾಡುತ್ತಾರೆ, ಸಮಯಕ್ಕೆ ಒಂದಾಗುತ್ತಾರೆ. ಅವರಿಗೇನು ಕಷ್ಟ? ತಾಯಿ ಮನೆ ಬಿಟ್ಟು ಹೋಗಿರುತ್ತಾಳೆ, ಸಣ್ಣತ್ತೆಯಂತೂ ಇಲ್ಲವೇ ಇಲ್ಲ.