ಸೂರ್ಯನ ಸೇವಾ ಪುಸ್ತಕ: ಪ್ರಾಚೀನ ಈಜಿಪ್ಟಿನ ರವಿ ಇಲಾಖೆಯನ್ನು ಕುರಿತ ಪ್ರೌಢ ಪ್ರಬಂಧ

ಪ್ರಾಚೀನ ಈಜಿಪ್ಟಿನವರು ಸೂರ್ಯಾರಾಧಕರಾಗಿದ್ದರು ಎಂದು ಶಾಲೆಯ ಪಠ್ಯದಿಂದ ಹಿಡಿದು ವಿಶ್ವಕೋಶದವರೆಗೆ ಎಲ್ಲರೂ ಬರೆದಿದ್ದಾರೆ. ಹಿಂದಿನ ವಿದ್ವಾಂಸರ ಮೇಲಿನ ಸಕಲ ಗೌರವವನ್ನೂ ಇಟ್ಟುಕೊಂಡೇ ಪ್ರಸ್ತುತ ಪ್ರಬಂಧಕಾರನು ಈ ಮತವನ್ನು ಖಂಡಿಸುತ್ತಾನೆ. ಅವರು ಸೂರ್ಯನನ್ನು ಆರಾಧಿಸುತ್ತಿರಲಿಲ್ಲ. ಅವನಿಂದ ಕೆಲಸ ತೆಗೆಯುತ್ತಿದ್ದರು. ಸ್ತೋತ್ರ, ಧೂಪ, ನೈವೇದ್ಯಗಳೆಲ್ಲ ಕೆಲಸ ತೆಗೆಯುವ ವಿಧಾನಗಳು. ಯಾವುದಾದರೂ ಕಚೇರಿಗೆ ಒಮ್ಮೆಯಾದರೂ ಅರ್ಜಿ ಹಿಡಿದು ಹೋದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇಲ್ಲಿ ಪೂರ್ವಪಕ್ಷವೊಂದು ಏಳುತ್ತದೆ. ಈಜಿಪ್ಟ್ ಮಳೆಯ ಮುಖವನ್ನೇ ಸರಿಯಾಗಿ ಕಾಣದ ನಾಡು; ದಕ್ಷಿಣಕ್ಕೆ ಹೋದಷ್ಟೂ ಮೋಡವೂ ದುರ್ಲಭ. ಅಂಥಲ್ಲಿ ವರ್ಷದ 365 ದಿನವೂ ಚಾಚೂ ತಪ್ಪದೆ ಹಾಜರಾಗುವ ಸೂರ್ಯನಿಗೆ ಉಸ್ತುವಾರಿ ಏಕೆ? ಸಮಾಧಾನ ಸುಲಭ. ತಿಂಗಳಿಗೆ ನಾಲ್ಕು ದಿನ ತಪ್ಪಿಸುವವನ ಬಗ್ಗೆ ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಒಂದು ದಿನವೂ ತಪ್ಪಿಸದವನು ನಾಳೆ ಬಾರದಿದ್ದರೆ ಗತಿಯೇನು ಎಂಬ ಭಯಕ್ಕೆ ಮಾತ್ರ ಮದ್ದಿಲ್ಲ. ಆ ಭಯವನ್ನು ನಿಭಾಯಿಸಲು ಈಜಿಪ್ಟಿನವರು ಮೂರು ಸಾವಿರ ವರ್ಷ ಸಿಬ್ಬಂದಿ ಇಟ್ಟುಕೊಂಡಿದ್ದರು.

ಮೊದಲು ಹುದ್ದೆಯ ವಿಚಾರ. ಟ್ಯೂರಿನ್ ನಗರದ ವಸ್ತುಸಂಗ್ರಹಾಲಯದಲ್ಲಿರುವ ಪಪೈರಸ್ ಸುರುಳಿಯೊಂದರಲ್ಲಿ ಸೂರ್ಯದೇವನೇ ಹೇಳಿಕೊಂಡಿರುವಂತೆ ಅವನು ಬೆಳಿಗ್ಗೆ ಖೆಪ್ರಿ, ಮಧ್ಯಾಹ್ನ ರಾ, ಸಂಜೆ ಆತುಮ್. ಮೂರು ಹುದ್ದೆ, ಆಸಾಮಿ ಒಬ್ಬನೇ. ಖೆಪ್ರಿಯ ಲಾಂಛನ ಸಗಣಿ ಹುಳು. ಹುಳು ಸಗಣಿಯುಂಡೆಯನ್ನು ಹಿಂಗಾಲಿನಿಂದ ಉರುಳಿಸುತ್ತ ಹೋಗುವಂತೆ ಖೆಪ್ರಿಯು ಬೆಳಕಿನ ಬಿಂಬವನ್ನು ಆಕಾಶಕ್ಕೆ ಉರುಳಿಸುತ್ತಾನೆ. ಪ್ರಪಂಚದ ಯಾವ ಧರ್ಮವೂ ಪರಮಾತ್ಮನಿಗೆ ಇಷ್ಟು ಶ್ರಮದ ಚಿತ್ರವನ್ನು ಕೊಟ್ಟಿಲ್ಲ ಎಂಬುದು ಪ್ರಬಂಧಕಾರನ ನಮ್ರ ಅಭಿಮತ.

ಅದೇ ಸುರುಳಿಯಿಂದ ಇನ್ನೂ ಮಹತ್ವದ ಸಂಗತಿ ತಿಳಿಯುತ್ತದೆ: ಈ ಹುದ್ದೆಗೆ ನಿವೃತ್ತಿಯಿಲ್ಲ. ರಾ ಮುದುಕನಾಗಿದ್ದಾನೆ, ಬಾಯಿಂದ ಜೊಲ್ಲು ಸುರಿಯುತ್ತಿದೆ, ಆದರೂ ದಿನವೂ ಮೇಲಿನ ಮತ್ತು ಕೆಳಗಿನ ಈಜಿಪ್ಟ್ ಎಂಬ ಎರಡೂ ನಾಡುಗಳ ಪರಿವೀಕ್ಷಣೆಗೆ ಹೊರಡುತ್ತಾನೆ. ಐಸಿಸ್ ದೇವಿ ನೆಲಕ್ಕೆ ಬಿದ್ದ ಜೊಲ್ಲನ್ನು ಮಣ್ಣಿನೊಂದಿಗೆ ಕಲಸಿ ಹಾವು ಮಾಡಿ ದಾರಿಯಲ್ಲಿ ಇಡುತ್ತಾಳೆ. ಹಾವು ಕಚ್ಚುತ್ತದೆ. ನಿನ್ನ ನಿಜವಾದ ಹೆಸರು ಹೇಳಿದರೆ ವಿಷ ಇಳಿಸುತ್ತೇನೆ ಅನ್ನುತ್ತಾಳೆ. ರಾ ತನ್ನ ಬಿರುದಾವಳಿಯನ್ನೆಲ್ಲ ಒಪ್ಪಿಸುತ್ತಾನೆ. ಇದರಲ್ಲಿ ಹೆಸರೆಲ್ಲಿದೆ ಎಂದು ದೇವಿ ಕೇಳುತ್ತಾಳೆ. ಕೊನೆಗೆ ಉರಿ ತಾಳದೆ ಹೆಸರು ಕೊಡುತ್ತಾನೆ. ಸುರುಳಿ ಬರೆದ ಲಿಪಿಕಾರ ಮಾತ್ರ ಅದನ್ನು ಬರೆದಿಲ್ಲ. ಕಡತ ಅಂದಿನಿಂದಲೂ ಗೌಪ್ಯ. ಇಷ್ಟೆಲ್ಲ ದೇವರಹಸ್ಯವನ್ನು ಬರೆದಿಟ್ಟದ್ದಾದರೂ ಯಾವ ಉದ್ದೇಶಕ್ಕೆ ಅಂದರೆ, ವಿಷ ಇಳಿಸುವ ಮಂತ್ರಕ್ಕೆ. ಚೇಳು ಕಚ್ಚಿದವನಿಗೆ ತತ್ತ್ವಶಾಸ್ತ್ರ ಬೇಕಿರಲಿಲ್ಲ.

ಇನ್ನು ರಾತ್ರಿ ಪಾಳಿ. ಸಂಜೆ ಮುಳುಗಿದ ಮೇಲೆ ಸೂರ್ಯ ಮಲಗಿಕೊಳ್ಳುತ್ತಾನೆ ಎಂದು ಭಾವಿಸುವವರು ಮೂರನೆಯ ಥುತ್ಮೋಸ್ ದೊರೆಯ ಸಮಾಧಿಯ ಗೋಡೆಗಳನ್ನು ನೋಡಬೇಕು. ಅಲ್ಲಿ ಕಡ್ಡಿಯಂಥ ಗೆರೆಚಿತ್ರಗಳಲ್ಲಿ ‘ಅಮ್ದುವಾತ್’ ಎಂಬ ಪಾತಾಳದ ಕೈಪಿಡಿ ಪೂರ್ತಿಯಾಗಿದೆ: ಹನ್ನೆರಡು ತಾಸು, ತಾಸಿಗೊಂದು ಸೀಮೆ, ಆಯಾ ಸೀಮೆಯ ಸಿಬ್ಬಂದಿಯ ಹೆಸರು ಸಮೇತ. ದೋಣಿಯಲ್ಲಿ ಹೊರಟ ಸೂರ್ಯನಿಗೆ ನಾಲ್ಕನೆಯ ತಾಸಿಗೆ ನೀರೇ ಇಲ್ಲ, ಮರಳು. ದೋಣಿಯನ್ನು ಹಗ್ಗ ಕಟ್ಟಿ ಎಳೆಯಬೇಕು. ಏಳನೆಯ ತಾಸಿನಲ್ಲಿ ಅಪೆಪ್ ಎಂಬ ಮಹಾಸರ್ಪ ಅಡ್ಡ ಮಲಗಿರುತ್ತದೆ. ಹನ್ನೆರಡನೆಯದರಲ್ಲಿ ದೋಣಿಯನ್ನು ಇನ್ನೊಂದು ಸರ್ಪದ ಬಾಲದಿಂದ ಒಳಗೆ ಎಳೆದು ಬಾಯಿಂದ ಹೊರಗೆ ತರುತ್ತಾರೆ. ಮುದುಕನಾಗಿ ಒಳಹೊಕ್ಕವನು ಮಗುವಾಗಿ ಹೊರಬರುತ್ತಾನೆ. ನಿವೃತ್ತಿಯಿಲ್ಲದ ಹುದ್ದೆಗೆ ಇದಕ್ಕಿಂತ ಒಳ್ಳೆಯ ವ್ಯವಸ್ಥೆಯನ್ನು ಯಾವ ವೇತನ ಆಯೋಗವೂ ಸೂಚಿಸಲಾರದು.

ಅಪೆಪ್‌ನ ವಿರುದ್ಧ ಭೂಮಿಯ ಮೇಲಿನ ಸಿಬ್ಬಂದಿಯೂ ಸುಮ್ಮನಿರುತ್ತಿರಲಿಲ್ಲ. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಬ್ರೆಮ್ನರ್-ರಿಂಡ್ ಪಪೈರಸ್ಸಿನಲ್ಲಿ ವಿಧಿ ಸ್ಪಷ್ಟವಾಗಿದೆ. ಮೇಣದ ಹಾವು ಮಾಡು, ಉಗಿ, ಎಡಗಾಲಿನಿಂದ ತುಳಿ, ಚೂರಿಯಿಂದ ಇರಿ, ಬೆಂಕಿಗೆ ಹಾಕು. ಹೊಸ ಪಪೈರಸ್ ಹಾಳೆಯ ಮೇಲೆ ಹಸಿರು ಶಾಯಿಯಲ್ಲಿ ಅಪೆಪ್‌ನ ಚಿತ್ರ ಬರೆದು ಸುಡುವುದೂ ಉಂಟು. ಹಸಿರು ಶಾಯಿ ಎಂಬುದನ್ನು ವಿದ್ವಾಂಸರು ಇದುವರೆಗೆ ಗಮನಿಸದೇ ಬಿಟ್ಟಿರುವುದು ಆಶ್ಚರ್ಯ. ಗೆಜೆಟೆಡ್ ಅಧಿಕಾರಿಯ ಸಹಿಯಿಲ್ಲದೆ ಸೂರ್ಯನೂ ಮೇಲೇಳುತ್ತಿರಲಿಲ್ಲ ಎಂಬುದಕ್ಕೆ ಇನ್ನೇನು ಪುರಾವೆ ಬೇಕು?

ರಜೆಯ ದಾಖಲೆ ನನಗೆ ಸಿಕ್ಕಿರುವುದು ಒಂದೇ, ಅದೂ ದೂರದ ಡಬ್ಲಿನ್ನಿನಲ್ಲಿರುವ ಚೆಸ್ಟರ್ ಬೀಟಿ ಸಂಗ್ರಹದ ಸುರುಳಿಯಲ್ಲಿ. ಸತ್ತ ದೇವರಾಜ ಒಸಿರಿಸ್‌ನ ಪಟ್ಟ ಮಗ ಹೋರಸ್‌ಗೋ ತಮ್ಮ ಸೇತ್‌ಗೋ ಎಂಬ ವ್ಯಾಜ್ಯ 80 ವರ್ಷದಿಂದ ಬಾಕಿ ಇದೆ. ಅಧ್ಯಕ್ಷ ಪೀಠದಲ್ಲಿ ಸೂರ್ಯದೇವ. ಬಾಬಾ ಎಂಬ ಚಿಲ್ಲರೆ ದೇವತೆ ಎದ್ದು ನಿಂತು, ನಿನ್ನ ಗುಡಿಗೆ ಯಾರೂ ಬರುವುದಿಲ್ಲ ಅಂದುಬಿಡುತ್ತಾನೆ. ಜಗಚ್ಚಕ್ಷುವಿಗೆ ಅವಮಾನವಾಗಿ, ಬಿಡಾರಕ್ಕೆ ಹೋಗಿ ಇಡೀ ದಿನ ಅಂಗಾತ ಮಲಗಿಬಿಡುತ್ತಾನೆ. ಮಗಳು ಹಾಥೋರ್ ಬಂದು ಅವನನ್ನು ನಗಿಸಿದ ಬಗೆಯನ್ನು ಕುಟುಂಬದವರೆಲ್ಲ ಓದುವ ಬರಹದಲ್ಲಿ ವಿವರಿಸುವಂತಿಲ್ಲ. ನಕ್ಕ, ಎದ್ದ, ಕಲಾಪ ಮುಂದುವರಿಯಿತು.

ಅಮೂನ್ ಎಂಬ ಥೀಬ್ಸ್ ನಗರದ ದೇವರಿಗೆ ರಾ ದೇವರನ್ನು ಸೇರಿಸಿ ಅಮೂನ್-ರಾ ಮಾಡಿದ್ದು ಹೆಚ್ಚುವರಿ ಪ್ರಭಾರದ ಸಾಮಾನ್ಯ ಪ್ರಕರಣವಾದ್ದರಿಂದ ಅದನ್ನು ಇಲ್ಲಿ ಬೆಳೆಸುವುದಿಲ್ಲ.

ಬೆಳೆಸಬೇಕಾದದ್ದು ಅಖೆನಾತೆನ್‌ನ ಆಡಳಿತ ಸುಧಾರಣೆಯನ್ನು. ಕ್ರಿ.ಪೂ. 14ನೇ ಶತಮಾನದ ಈ ದೊರೆ ನಾಲ್ಕನೆಯ ಅಮೆನ್‌ಹೋತೆಪ್ ಎಂಬ ಹೆಸರಿನಲ್ಲಿ ಪಟ್ಟಕ್ಕೆ ಬಂದು, ಐದನೆಯ ವರ್ಷಕ್ಕೆ ಹೆಸರು ಬದಲಿಸಿ, ಈಗ ಅಮರ್ನಾ ಎನ್ನುವ ಬಯಲಿನಲ್ಲಿ ಹೊಸ ರಾಜಧಾನಿ ಕಟ್ಟಿ, ಇದ್ದಬದ್ದ ದೈವಗಳನ್ನೆಲ್ಲ ಬದಿಗೆ ಸರಿಸಿ ಆತೆನ್ ಎಂಬ ಸೂರ್ಯಬಿಂಬವೊಂದನ್ನೇ ಉಳಿಸಿದ. ಇದನ್ನು ಏಕದೇವೋಪಾಸನೆ ಎಂದು ಕರೆದು ಲೋಕವೆಲ್ಲ ಬೆರಗಾಗಿದೆ. ವಸ್ತುತಃ ಇದು ಏಕಗವಾಕ್ಷಿ ಯೋಜನೆ. ಶಿಲ್ಪಗಳಲ್ಲಿ ಬಿಂಬದಿಂದ ಇಳಿಯುವ ಕಿರಣಗಳ ತುದಿಯಲ್ಲಿ ಪುಟ್ಟ ಕೈಗಳಿವೆ. ಆ ಕೈಗಳು ಜೀವದ ಚಿಹ್ನೆಯನ್ನು ಹಿಡಿದಿರುವುದು ರಾಜ, ರಾಣಿಯರ ಮೂಗಿಗೆ ಮಾತ್ರ. ಮಿಕ್ಕ ಪ್ರಜೆಗಳು ಅರಮನೆಯ ಕಿಟಕಿಯಲ್ಲಿ ವಿಚಾರಿಸಬೇಕು. ಅದೇ ಊರಿನ ಕೂಲಿಕಾರರ ಕೇರಿಯನ್ನು ಅಗೆದಾಗ ಕುಳ್ಳ ದೇವರು ಬೆಸ್, ಬಸುರಿಯರನ್ನು ಕಾಯುವ ನೀರಾನೆ ದೇವಿ ತವೆರೆತ್ ಇವರ ತಾಯಿತಗಳು ಸಿಕ್ಕಿವೆ. ಕಿಟಕಿಯ ಮುಂದಿನ ಸಾಲು ಉದ್ದವಿದ್ದಿರಬೇಕು.

ಹಳೆಯ ಗರ್ಭಗುಡಿಗಳ ಕತ್ತಲೆ ಈ ದೊರೆಗೆ ಒಗ್ಗಲಿಲ್ಲ. ಆತೆನ್ನನ ಗುಡಿಗಳಿಗೆ ಸೂರು ಹಾಕಿಸಲಿಲ್ಲ. ದೇವರು ನೇರವಾಗಿ ನೆತ್ತಿಯ ಮೇಲೆ. ಇದರ ಫಲವನ್ನು ಅನುಭವಿಸಿದವರು ಅಸ್ಸೀರಿಯದ ದೂತರು. ಅಮರ್ನಾದಲ್ಲಿ 1887ರಲ್ಲಿ ಸಿಕ್ಕ ಜೇಡಿಮಣ್ಣಿನ ಪತ್ರಗಳಲ್ಲಿ ಅಶ್ಶೂರ್-ಉಬಲ್ಲಿತ್ ದೊರೆಯ ದೂರೊಂದಿದೆ. ತನ್ನ ದೂತರನ್ನು ಬಿಸಿಲಲ್ಲಿ ಸಾಯುವಂತೆ ನಿಲ್ಲಿಸುವುದೇಕೆ, ಬಿಸಿಲಲ್ಲಿ ನಿಲ್ಲುವುದರಿಂದ ದೊರೆಗೆ ಲಾಭವಿದ್ದರೆ ದೂತರು ನಿಂತು ಸಾಯಲಿ, ಇಲ್ಲದಿದ್ದರೆ ಏಕೆ ಸಾಯಬೇಕು ಎಂಬುದು ಅದರ ತಾತ್ಪರ್ಯ. ಆತೆನ್ ಪಂಥದ ಮೇಲೆ ಸಾವಿರಾರು ಪುಟ ಬರೆದವರಿದ್ದಾರೆ. ಇಷ್ಟು ಚಿಕ್ಕದಾಗಿ, ಇಷ್ಟು ಚೊಕ್ಕವಾಗಿ ಯಾರೂ ವಿಮರ್ಶಿಸಿಲ್ಲ.

ಹದಿನೇಳು ವರ್ಷ ಆಳಿ ದೊರೆ ತೀರಿಕೊಂಡ. ಮುಂದೆ ಪಟ್ಟಕ್ಕೆ ಬಂದ ತೂತಂಖಾತೆನ್ ಎಂಬ ಬಾಲಕ ಹೆಸರು ಬದಲಿಸಿ ತೂತಂಖಾಮೂನ್ ಆದ. ಮುಚ್ಚಿದ್ದ ಇಲಾಖೆಗಳು ತೆರೆದುಕೊಂಡವು. ಸುಧಾರಣೆಯ ಕಾಲದಲ್ಲಿ ಕಲ್ಲುಗಳಿಂದ ಕೆತ್ತಿ ತೆಗೆದಿದ್ದ ಅಮೂನ್‌ನ ಹೆಸರನ್ನು ಮತ್ತೆ ಕೆತ್ತಿಸಲಾಯಿತು. ಈ ಕೆಲಸಕ್ಕೆ ಕಲ್ಲುಕುಟಿಗರಿಗೆ ಎರಡೂ ಸಲ ಕೂಲಿ ಸಿಕ್ಕಿತೆಂದು ಊಹಿಸಬಹುದು. ಆಮೇಲೆ ಬಂದ ಹೋರೆಮ್‌ಹೆಬ್ ದೊರೆ ಕಾರ್ನಾಕ್‌ನಲ್ಲಿದ್ದ ಆತೆನ್ ಗುಡಿಗಳನ್ನು ಕೆಡವಿಸಿ, ಅವುಗಳ ಕಲ್ಲುಗಳನ್ನು ಅಮೂನ್ ದೇವಾಲಯದ ಹೆಬ್ಬಾಗಿಲುಗಳ ಹೊಟ್ಟೆಯೊಳಗೆ ತುಂಬಿಸಿದ. ಇಪ್ಪತ್ತನೆಯ ಶತಮಾನದ ಪುರಾತತ್ತ್ವಜ್ಞರು ಅಂಥ ಹತ್ತಾರು ಸಾವಿರ ಕಲ್ಲುಗಳನ್ನು ಹೊರತೆಗೆದು ಜೋಡಿಸಲು ಕೂತರು. ಸೂರ್ಯಬಿಂಬ, ಪುಟ್ಟ ಕೈಗಳು, ದೊರೆಯ ಉದ್ದ ಮುಖ, ಎಷ್ಟೋ ಕಲ್ಲುಗಳ ಮೇಲೆ ಬಣ್ಣ ಕೂಡ ಹಾಗೆಯೇ ಇತ್ತು. ಮೂರು ಸಾವಿರ ವರ್ಷ ಬಿಸಿಲು ಬೀಳದ್ದರಿಂದ.